ಸರಪಳಿಯ ಸಾಲಿನಲ್ಲಿ ಜೊತೆಗಾತಿ ಯಾರು? ಸರ್ಕಸ್ ಪ್ರಾಣಿಗಳ ಒಂಟಿತನ ಮತ್ತು ಒಡನಾಟ

(ಉಪನ್ಯಾಸದ ಬರಹ ರೂಪ)

ಸರ್ಕಸ್ಸಿನ ಆನೆಗಳು ಪ್ರೇಕ್ಷಕರ ಕಣ್ಣಿಗೆ ಬೀಳುವುದು ಒಂದು ಆಟಕ್ಕೆ ಹತ್ತು, ಹೆಚ್ಚೆಂದರೆ ಹದಿನೈದು ನಿಮಿಷ. ಮುಂದಿನದರ ಬಾಲವನ್ನು ಹಿಂದಿನದು ಸೊಂಡಿಲಲ್ಲಿ ಹಿಡಿದು ಸಾಲಾಗಿ ಬರುತ್ತವೆ, ರಿಂಗಿನೊಳಗೆ ಒಂದು ಸುತ್ತು ಹಾಕುತ್ತವೆ, ಒಂದರ ಬೆನ್ನಿಗೆ ಇನ್ನೊಂದು ಮುಂಗಾಲು ಊರಿ ನಿಲ್ಲುತ್ತದೆ. ನೋಡಿದವರು "ಎಷ್ಟು ಅನ್ಯೋನ್ಯವಾಗಿವೆ" ಅಂದುಕೊಂಡು ಎದ್ದು ಹೋಗುತ್ತಾರೆ. ಇವತ್ತಿನ ಮಾತು ಡೇರೆಯ ಹಿಂದೆ ಕಳೆಯುವ ಉಳಿದ ಹೊತ್ತಿನ ಬಗ್ಗೆ. ಬ್ರಿಸ್ಟಲ್ ವಿಶ್ವವಿದ್ಯಾಲಯದ ಸಂಶೋಧಕರು 2009ರಲ್ಲಿ ಪ್ರಕಟಿಸಿದ ಲೆಕ್ಕದ ಪ್ರಕಾರ ಸರ್ಕಸ್ಸಿನ ಕಾಡುಪ್ರಾಣಿಗಳಿಗೆ ಆಟ ಮತ್ತು ತಾಲೀಮಿಗೆ ಹೋಗುವುದು ದಿನದ ಶೇ 1ರಿಂದ 9ರಷ್ಟು ಸಮಯ. ಮಿಕ್ಕಿದ್ದೆಲ್ಲ ಬೋನು, ಲಾರಿ, ಗೂಟ, ಇಲ್ಲವೇ ಪುಟ್ಟ ಆವರಣ. ಆ ಆವರಣವೂ ಮೃಗಾಲಯಗಳಿಗೆ ಶಿಫಾರಸು ಮಾಡಿರುವ ವಿಸ್ತೀರ್ಣದ ಸರಾಸರಿ ಕಾಲು ಭಾಗ.

ಒಂಟಿತನ ಅಂದ ಕೂಡಲೇ ಒಂದು ಬೋನು, ಅದರೊಳಗೆ ಒಂದೇ ಪ್ರಾಣಿ ಕಣ್ಣ ಮುಂದೆ ಬರುತ್ತದೆ. ಸರ್ಕಸ್ಸಿನಲ್ಲಿ ಅಂಥ ಒಂಟಿತನವೂ ಉಂಟು. ಆದರೆ ಹೆಚ್ಚಾಗಿ ಕಾಣುವುದು ಇನ್ನೊಂದು ಬಗೆಯದು. ಪಕ್ಕದಲ್ಲಿ ಸದಾ ಯಾರೋ ಇರುತ್ತಾರೆ, ಬೇಕೆನಿಸಿದಾಗ ಅವರ ಹತ್ತಿರ ಹೋಗುವಂತಿಲ್ಲ, ಸಾಕೆನಿಸಿದಾಗ ದೂರ ಸರಿಯುವಂತಿಲ್ಲ. ಈ ಎರಡರಲ್ಲಿ ದೂರ ಸರಿಯಲಾಗದ್ದೇ ಹೆಚ್ಚು ಕೆಡುಕು ಮಾಡುತ್ತದೆ ಎಂಬುದು ನಮ್ಮ ವಾದ. ಪುನರ್ವಸತಿ ಕೇಂದ್ರಗಳಲ್ಲಿ "ಜೊತೆಗೊಂದನ್ನು ತಂದು ಬಿಟ್ಟೆವು, ಆದರೂ ಹೊಂದಲಿಲ್ಲ" ಎಂಬ ದೂರು ಬಂದಾಗಲೆಲ್ಲ ಮೊದಲು ನೋಡಬೇಕಾದದ್ದು ಆವರಣದ ನಕ್ಷೆಯನ್ನು. ಪ್ರಾಣಿಯ ಸ್ವಭಾವದ ಮಾತು ಆಮೇಲೆ.

ಆನೆಯಿಂದಲೇ ಶುರು ಮಾಡೋಣ. ಕಾಡಿನಲ್ಲಿ ಹೆಣ್ಣಾನೆ ಹುಟ್ಟಿದ ಬಳಗದಲ್ಲೇ ಬಾಳುತ್ತದೆ: ಅಜ್ಜಿ, ತಾಯಿ, ಚಿಕ್ಕಮ್ಮಂದಿರು, ಅವರ ಮರಿಗಳು. ಬಸುರು 22 ತಿಂಗಳು, ಮರಿ ಹಾಲು ಕುಡಿಯುವುದು ಮೂರು ನಾಲ್ಕು ವರ್ಷ. ಗಂಡುಮರಿ 10ರಿಂದ 15ರ ವಯಸ್ಸಿನಲ್ಲಿ ಬಳಗ ಬಿಟ್ಟು ಹೊರಡುತ್ತದೆ. ಹಾಗಂತ ಬಳಗದವೆಲ್ಲ ದಿನವಿಡೀ ಒತ್ತಿಕೊಂಡೇ ಇರುವುದಿಲ್ಲ. ಏಷ್ಯಾದ ಆನೆಗಳು ಮೇವು ನೀರು ನೋಡಿಕೊಂಡು ಸಣ್ಣ ಸಣ್ಣ ಗುಂಪಾಗಿ ಚದುರುತ್ತವೆ, ಗಂಟೆಗಳ ನಂತರವೋ ದಿನಗಳ ನಂತರವೋ ಮತ್ತೆ ಕೂಡುತ್ತವೆ. ದೂರವಿದ್ದಾಗಲೂ ಮಾತುಕತೆ ನಡೆದೇ ಇರುತ್ತದೆ. ಪ್ರಾಣಿಗಳ ಸದ್ದಿನ ಸಂಶೋಧಕಿ ಕೇಟಿ ಪೇನ್ 1984ರಲ್ಲಿ ಅಮೆರಿಕದ ಪೋರ್ಟ್‌ಲ್ಯಾಂಡ್ ಮೃಗಾಲಯದಲ್ಲಿ ಏಷ್ಯಾದ ಆನೆಗಳ ಮುಂದೆ ಕೂತು ಪತ್ತೆ ಮಾಡಿದ ಸದ್ದು ಇದೇ. ಸುಮಾರು 14ರಿಂದ 24 ಹರ್ಟ್ಸ್‌ನ ಗುಡುಗುಡು, ಬಹುಪಾಲು ನಮ್ಮ ಕಿವಿಗೆ ನಿಲುಕದ್ದು. ಕಣ್ಣಿಗೆ ಕಾಣದವರ ಜೊತೆಗೂ ಸಂಬಂಧ ಉಳಿಸಿಕೊಳ್ಳಬಲ್ಲ ಪ್ರಾಣಿ ಇದು.

ಸರ್ಕಸ್ಸಿಗೆ ಬಂದ ಆನೆಗಳಲ್ಲಿ ಹೆಚ್ಚಿನವು ಮರಿಯಾಗಿದ್ದಾಗ ಬೇರೆ ಬೇರೆ ಕಡೆ ಹಿಡಿದವು. ರಕ್ತಸಂಬಂಧ ಇರಲಿ, ಮುಖಪರಿಚಯವೂ ಇಲ್ಲದ ಐದಾರು ಹೆಣ್ಣಾನೆಗಳನ್ನು ಒಂದು ಸಾಲಿನಲ್ಲಿ ಕಟ್ಟುತ್ತಾರೆ. ಕಟ್ಟುವ ಕ್ರಮ ಎಲ್ಲ ಕಡೆ ಹೆಚ್ಚುಕಡಿಮೆ ಒಂದೇ. ನೆಲದಲ್ಲಿ ಹೂತ ಗೂಟಗಳ ನಡುವೆ ಉದ್ದಕ್ಕೆ ದಪ್ಪ ಸರಪಳಿ ಎಳೆದು, ಪ್ರತಿ ಆನೆಯ ಒಂದು ಮುಂಗಾಲನ್ನೂ ಅದರ ಎದುರು ಬದಿಯ ಒಂದು ಹಿಂಗಾಲನ್ನೂ ಅದಕ್ಕೆ ಬಿಗಿಯುತ್ತಾರೆ. ಒಂದೇ ಜಾಗ ಉಜ್ಜಿ ಗಾಯವಾಗದಿರಲಿ ಎಂದು ಕಾಲು ಬದಲಿಸುವುದುಂಟು. ಆನೆಗೆ ಸಿಗುವುದು ಒಂದು ಹೆಜ್ಜೆ ಮುಂದೆ, ಒಂದು ಹೆಜ್ಜೆ ಹಿಂದೆ. ತಿರುಗಿ ನಿಲ್ಲಲಾಗದು. ಸಾಲಿನಲ್ಲಿ ಯಾರ ಪಕ್ಕ ಯಾರು ಎಂಬುದು ಒಮ್ಮೆ ಗೊತ್ತಾದ ಮೇಲೆ ವರ್ಷಗಟ್ಟಲೆ ಬದಲಾಗುವುದಿಲ್ಲ. ಯಾಕೆಂದರೆ ಬದಲಿಸಿದರೆ ಜಗಳ. ಹೀಗಾಗಿ ಒಂದು ಆನೆಗೆ ಬಲಕ್ಕೊಬ್ಬಳು, ಎಡಕ್ಕೊಬ್ಬಳು. ಮೂರನೆಯವಳನ್ನು ಮುಟ್ಟಲು ಸೊಂಡಿಲು ಸಾಲದು. ದೂರದ ಬಸ್ಸಿನಲ್ಲಿ ಪಕ್ಕದ ಸೀಟಿನವರ ಜೊತೆ ಮೂವತ್ತು ವರ್ಷ ಕೂತ ಹಾಗೆ.

ಇಲ್ಲಿ ಕೆಡುವುದು ಎರಡು ರೀತಿ. ಪಕ್ಕದವಳು ಹಿಡಿಸಿದರೆ ಅವಳೊಬ್ಬಳ ಮೇಲೆಯೇ ಎಲ್ಲ ಭಾರ ಬೀಳುತ್ತದೆ. ಅವಳನ್ನು ಮಾರಿದ ದಿನ, ಇಲ್ಲವೇ ಅವಳು ಸತ್ತ ದಿನ, ಉಳಿದವಳಿಗೆ ಬೇರೆ ಆಸರೆ ಇರುವುದಿಲ್ಲ. ಹಿಡಿಸದಿದ್ದರೆ ಇನ್ನೂ ಕಷ್ಟ. ಆನೆಗಳ ನಡುವೆ ಮೇಲುಕೀಳು ತೀರ್ಮಾನವಾಗುವುದು ಸಾಮಾನ್ಯವಾಗಿ ಬಹಳ ಸದ್ದಿಲ್ಲದೆ. ಒಂದು ಆನೆ ಕಿವಿ ಹರಡುತ್ತದೆ, ಇನ್ನೊಂದು ಆನೆ ಹಿಂದೆ ಸರಿಯುತ್ತದೆ, ಅಲ್ಲಿಗೆ ಮುಗಿಯಿತು. ಹಿಂದೆ ಸರಿಯಲು ಕಾಲಿಗೆ ಸರಪಳಿ ಬಿಡದಿದ್ದರೆ ಆ ಸಣ್ಣ ಮಾತು ಮುಗಿಯುವುದೇ ಇಲ್ಲ. ಸೋತವಳು ಎದುರಿಗೇ ನಿಂತಿರುತ್ತಾಳೆ, ಗೆದ್ದವಳಿಗೆ ಅದು ಇನ್ನೂ ಸವಾಲಿನಂತೆ ಕಾಣುತ್ತದೆ. ತಳ್ಳುವುದು, ಬಾಲ ಕಚ್ಚುವುದು, ಕೆಳಗೆ ಬೀಳಿಸುವುದು ಶುರುವಾಗುವುದು ಹೀಗೆ. ಸರ್ಕಸ್ಸಿನಿಂದ ಬಂದ ಆನೆಯ ಬಾಲದ ತುದಿ ಇಲ್ಲದಿದ್ದರೆ ಅದರ ಹಳೆಯ ನೆರೆಹೊರೆ ಹೇಗಿತ್ತೆಂದು ಊಹಿಸಬಹುದು.

ಸರಪಳಿ ತೆಗೆದರೆ ಏನಾಗುತ್ತದೆ ಎಂಬುದಕ್ಕೆ ಸರ್ಕಸ್ಸಿನೊಳಗೇ ಅಧ್ಯಯನ ನಡೆದಿದೆ. ಅಮೆರಿಕದ ಸಂಶೋಧಕ ಟೆಡ್ ಫ್ರೆಂಡ್ ಮತ್ತು ಅವರ ಸಹೋದ್ಯೋಗಿ 1999ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಅದೇ ಆನೆಗಳನ್ನು ಸಾಲಿಗೆ ಕಟ್ಟಿದಾಗ ಮತ್ತು ತಂತಿ ಬೇಲಿಯ ದೊಡ್ಡಿಯಲ್ಲಿ ಒಟ್ಟಿಗೆ ಬಿಟ್ಟಾಗ ಹೋಲಿಸಿ ನೋಡಿದರು. ಕಟ್ಟಿಹಾಕಿದ ಪ್ರಾಣಿಗಳು ಮತ್ತೆ ಮತ್ತೆ ಒಂದೇ ರೀತಿ ತಲೆ ಮೈ ಓಲಾಡಿಸುವ ಚಾಳಿ ದೊಡ್ಡಿಯಲ್ಲಿ ಕಡಿಮೆಯಾಯಿತು. ಯುರೋಪಿನ ಸರ್ಕಸ್ಸುಗಳಲ್ಲಿ ನಡೆದ ಅಧ್ಯಯನವೂ ಇದನ್ನೇ ಹೇಳಿತು. ಬೇಲಿ, ತಂತಿ, ನಾಲ್ಕು ಕಂಬ, ಖರ್ಚೂ ದೊಡ್ಡದಲ್ಲ. ಇಷ್ಟನ್ನೂ ಬಹುತೇಕ ಸರ್ಕಸ್ಸುಗಳು ಮಾಡಲಿಲ್ಲ ಎಂಬುದು ಬೇಸರದ ಸಂಗತಿ.

ಓಲಾಟದ ವಿಷಯದಲ್ಲಿ ಒಂದು ಎಚ್ಚರ ಬೇಕು. ಓಲಾಡುವ ಆನೆಯನ್ನು ಕಂಡ ತಕ್ಷಣ "ಪಾಪ, ಈಗ ದುಃಖದಲ್ಲಿದೆ" ಎನ್ನುವುದು ಪೂರ್ತಿ ಸರಿಯಲ್ಲ. ಬೇರೂರಿದ ಓಲಾಟ ಹಳೆಯ ಗಾಯದ ಕಲೆಯಂತೆ ಉಳಿದುಬಿಡುತ್ತದೆ. ಒಳ್ಳೆಯ ಜಾಗ, ಒಳ್ಳೆಯ ಜೊತೆ ಸಿಕ್ಕ ಮೇಲೂ ಮೇವಿನ ಹೊತ್ತು ಹತ್ತಿರವಾದಾಗ ಮರುಕಳಿಸುತ್ತದೆ. ಆಟಕ್ಕೆ ಕರೆದೊಯ್ಯುವ ಮುಂಚೆ, ನೀರು ಕೊಡುವ ಮುಂಚೆ ಅದು ಹೆಚ್ಚುವುದು ಎಲ್ಲರೂ ಗಮನಿಸಿರುವುದೇ. "ನೋಡಿ, ಆಟವೆಂದರೆ ಅದಕ್ಕೆ ಎಷ್ಟು ಇಷ್ಟ" ಎಂದು ಸರ್ಕಸ್ಸಿನವರು ಇದನ್ನೇ ತೋರಿಸುತ್ತಿದ್ದರು. ದಿನವಿಡೀ ಕಟ್ಟಿಹಾಕಿದ ಪ್ರಾಣಿಗೆ ಸರಪಳಿ ಬಿಚ್ಚುವ ಯಾವ ಗಳಿಗೆಯಾದರೂ ಇಷ್ಟವಾದೀತು. ಹಾಗಾಗಿ ಒಂಟಿತನ ಅಳೆಯಲು ಓಲಾಟಕ್ಕಿಂತ ನಿದ್ದೆ ಒಳ್ಳೆಯ ಗುರುತು. ಆನೆ ನಿಂತೂ ನಿದ್ರಿಸುತ್ತದೆ, ಆದರೆ ಗಾಢ ನಿದ್ದೆಗೆ ಮಲಗಲೇಬೇಕು, ಮಲಗಲು ಪಕ್ಕದಲ್ಲಿ ನಂಬಿಕೆಯವರು ಬೇಕು. ರಾತ್ರಿ ಕ್ಯಾಮೆರಾ ಇಲ್ಲದಿದ್ದರೂ ಬೆಳಗ್ಗೆ ತೊಳೆಯುವ ಮುಂಚೆ ಮೈ ನೋಡಿದರೆ ಸಾಕು. ಪಕ್ಕೆಯ ಮೇಲೆ ಮರಳು, ಲದ್ದಿ, ಹುಲ್ಲಿನ ಎಸಳು ಅಂಟಿದ್ದರೆ ಆ ಬದಿಗೆ ಮಲಗಿದೆ ಎಂದರ್ಥ. ಕಪಾಲದ ಮೇಲೂ ಮರಳಿದ್ದರೆ ತಲೆಯನ್ನೂ ನೆಲಕ್ಕಿಟ್ಟಿದೆ. ಮಲಗಲು ಮರಳಿನ ದಿಬ್ಬ ಇರಲಿ, ಅದಕ್ಕೆ ಒರಗಿದರೆ ಮುದಿ ಆನೆಗೆ ಏಳುವುದು ಸುಲಭ. ಮಂಡಿ, ಪಾದ ನೋವಿರುವ ಆನೆ ಜೊತೆಯಿದ್ದರೂ ಮಲಗುವುದಿಲ್ಲ. ಒಂಟಿತನವೆಂದು ತೀರ್ಮಾನಿಸುವ ಮುಂಚೆ ಪಾದ ನೋಡಿಸಬೇಕು.

ಎರಡು ಪ್ರಾಣಿಗಳ ನಡುವೆ ಸ್ನೇಹವಿದೆಯೋ ಬರೀ ನೆರೆಹೊರೆಯೋ ಎಂದು ಕಂಡುಹಿಡಿಯಲು ಒಂದು ಹಳೆಯ, ಸೊಗಸಾದ ಲೆಕ್ಕವಿದೆ. ರಾಬರ್ಟ್ ಹೈಂಡ್ ಎಂಬ ಪ್ರಾಣಿವರ್ತನೆಯ ವಿದ್ವಾಂಸರು ಕೋತಿಗಳ ತಾಯಿ-ಮರಿ ಸಂಬಂಧ ಅಳೆಯಲು 1970ರ ಸುಮಾರಿಗೆ ಇದನ್ನು ರೂಪಿಸಿದರು. ಬೇಕಾಗುವುದು ಒಂದು ನೋಟ್‌ಬುಕ್, ಒಂದು ಗಡಿಯಾರ. ಮೊದಲು "ಹತ್ತಿರ" ಅಂದರೆ ಎಷ್ಟು ಎಂದು ನಿಶ್ಚಯಿಸಿಕೊಳ್ಳಬೇಕು. ಆನೆಗಾದರೆ ಒಂದು ಮೈಯುದ್ದ. ಆ ಗೆರೆ ದಾಟಿ ಯಾರು ಹತ್ತಿರ ಬಂದರು, ಆ ಗೆರೆ ದಾಟಿ ಯಾರು ದೂರ ಹೋದರು, ಇವೆರಡನ್ನೇ ಬರೆಯುತ್ತಾ ಹೋಗಬೇಕು. ಒಟ್ಟು 20 ಸಲ ಹತ್ತಿರವಾದದ್ದರಲ್ಲಿ 15 ಸಲ ಮೊದಲನೆಯ ಆನೆ ಬಂದಿದ್ದರೆ ಅದರ ಪಾಲು ಶೇ 75. ದೂರವಾದ 20 ಸಲದಲ್ಲಿ 5 ಸಲ ಮಾತ್ರ ಅದು ಹೊರಟಿದ್ದರೆ ಶೇ 25. ಮೊದಲಿನದರಿಂದ ಎರಡನೆಯದನ್ನು ಕಳೆದರೆ 50. ಒಡನಾಟ ಉಳಿದಿರುವುದು ಮೊದಲನೆಯದರ ಪ್ರಯತ್ನದಿಂದ, ಎರಡನೆಯದು ತಪ್ಪಿಸಿಕೊಳ್ಳುತ್ತಿದೆ ಎಂದರ್ಥ. ಉತ್ತರ ಸೊನ್ನೆಯ ಆಸುಪಾಸಿದ್ದು ಇಬ್ಬರೂ ಹೆಚ್ಚು ಹೊತ್ತು ಹತ್ತಿರವೇ ಇದ್ದರೆ ಅದು ಪಕ್ಕಾ ಜೋಡಿ. ಬೆಳಗ್ಗೆ ಒಂದೆರಡು ಗಂಟೆ, ಸಂಜೆ ಒಂದೆರಡು ಗಂಟೆ, ಹತ್ತು ದಿನ ಬರೆದರೆ ನಂಬಬಹುದಾದ ಚಿತ್ರ ಸಿಗುತ್ತದೆ. ಮೇವು ಹಾಕಿದ ಹೊತ್ತಿನ ಲೆಕ್ಕ ಬೇಡ, ಆಗ ಎಲ್ಲರೂ ಹುಲ್ಲಿಗಾಗಿ ಹತ್ತಿರ ಬರುತ್ತಾರೆ. ಗಮನಿಸಿ: ಸಾಲಿಗೆ ಕಟ್ಟಿದ ಆನೆಗಳ ಬಗ್ಗೆ ಈ ಲೆಕ್ಕ ಹಾಕಲಿಕ್ಕೇ ಆಗುವುದಿಲ್ಲ. ಬಂದದ್ದೂ ಸೊನ್ನೆ, ಹೋದದ್ದೂ ಸೊನ್ನೆ.

ಬ್ರೆಜಿಲ್‌ನ ಆನೆಧಾಮಕ್ಕೆ 2016ರ ಅಕ್ಟೋಬರಿನಲ್ಲಿ ಮೊದಲು ಬಂದ ಮಾಯಾ ಮತ್ತು ಗೀಡಾ, ದೂರ ಸರಿಯುವ ಜಾಗ ಸಿಕ್ಕರೆ ಏನಾಗುತ್ತದೆ ಎಂಬುದಕ್ಕೆ ಕಣ್ಣೆದುರಿನ ಉದಾಹರಣೆ. ಎರಡೂ ದಶಕಗಳ ಕಾಲ ಒಂದೇ ಸರ್ಕಸ್ಸಿನಲ್ಲಿದ್ದವು. ಮಾಯಾ ಗೀಡಾಳನ್ನು ತಳ್ಳಿ ಬೀಳಿಸುತ್ತದೆ ಎಂಬ ಕುಖ್ಯಾತಿ ಜೊತೆಗೇ ಬಂದಿತ್ತು. ವಿಶಾಲವಾದ ಜಾಗ ಸಿಕ್ಕ ಕೆಲವೇ ಸಮಯದಲ್ಲಿ ಅವೆರಡೂ ಒಂದನ್ನೊಂದು ಬಿಟ್ಟಿರದಂತಾದವು. ಆನೆಗಳು ಅವೇ. ಬದಲಾದದ್ದು ದೂರ ಹೋಗುವ ಅವಕಾಶ.

ಹೊಸ ಜೋಡಿ ಕೂಡಿಸುವ ಕ್ರಮ

ಕಾನೂನು ಬದಲಾದಾಗಲೆಲ್ಲ ಈ ಕೆಲಸ ತಲೆಯ ಮೇಲೆ ಬಂದು ಕೂರುತ್ತದೆ. ಭಾರತ 1998ರ ಅಧಿಸೂಚನೆಯಲ್ಲಿ ಕರಡಿ, ಕೋತಿ, ಹುಲಿ, ಚಿರತೆ, ಸಿಂಹಗಳ ಪ್ರದರ್ಶನ ನಿಷೇಧಿಸಿತು, 2001ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಬೊಲಿವಿಯಾ 2009ರಲ್ಲಿ ಸರ್ಕಸ್ಸಿನಿಂದ ಎಲ್ಲ ಪ್ರಾಣಿಗಳನ್ನೂ ಹೊರಗಿಟ್ಟಿತು. ಅಮೆರಿಕದ ರಿಂಗ್ಲಿಂಗ್ ಸರ್ಕಸ್ 2016ರ ಮೇನಲ್ಲಿ ಆನೆಯಾಟ ನಿಲ್ಲಿಸಿತು. ಪ್ರತಿ ಸಲವೂ ಪ್ರಾಣಿಗಳು ಲಾರಿ ಏರಿ ಎಲ್ಲೋ ಬಂದಿಳಿಯುತ್ತವೆ, ಅಲ್ಲಿ ಮೊದಲೇ ಇರುವವರ ಜೊತೆ ಬಾಳಬೇಕಾಗುತ್ತದೆ.

ಆನೆಗೆ ಮೊದಲ ಅಡ್ಡಿ ಕ್ಷಯ. ಮನುಷ್ಯರಿಗೆ ಬರುವ ಕ್ಷಯದ ರೋಗಾಣುವೇ ಆನೆಗೂ ಅಂಟುತ್ತದೆ, ಜನರ ಒಡನಾಟದಲ್ಲಿ ಬೆಳೆದ ಸರ್ಕಸ್ ಆನೆಗಳಲ್ಲಿ ಇದು ಮತ್ತೆ ಮತ್ತೆ ಸಿಕ್ಕಿದೆ. ಪರೀಕ್ಷೆ ಹೀಗೆ: ಸುಮಾರು 60 ಮಿ.ಲೀ. ಕ್ರಿಮಿರಹಿತ ಉಪ್ಪುನೀರನ್ನು ಸೊಂಡಿಲಿನ ಹೊಳ್ಳೆಗೆ ಹಾಕಿ, ಸೊಂಡಿಲು ಮೇಲೆತ್ತಿಸಿ, ಆಮೇಲೆ ಶುದ್ಧ ಪ್ಲಾಸ್ಟಿಕ್ ಚೀಲಕ್ಕೆ ಊದಿಸಬೇಕು. ಬೇರೆ ಬೇರೆ ಮೂರು ದಿನ ಮೂರು ಮಾದರಿ. ರೋಗಾಣು ಬೆಳೆಸಿ ನೋಡಲು ಎಂಟು ವಾರದವರೆಗೆ ಕಾಯಬೇಕು. ಕೆಡುವುದು ಎಲ್ಲಿ ಅಂದರೆ, ಸೊಂಡಿಲು ಎತ್ತಿ ಹಿಡಿಯಲು ಕಲಿಸಿರದ ಆನೆ ನೀರನ್ನು ತಕ್ಷಣ ನೆಲಕ್ಕೆ ಊದಿಬಿಡುತ್ತದೆ, ಇಲ್ಲವೇ ಮಣ್ಣು ಮೂಸಿ ಮಾದರಿಯನ್ನು ಹೊಲಸು ಮಾಡುತ್ತದೆ. ಸೋಂಕು ಇದ್ದರೆ ವರ್ಷದಷ್ಟು ಔಷಧಿ, ಬೇರೆ ಕೊಟ್ಟಿಗೆ. ಇಲ್ಲಿ ಒಂದು ಕ್ರೂರ ವಿಪರ್ಯಾಸವಿದೆ: ಮೂವತ್ತು ವರ್ಷ ಒಂಟಿಯಾಗಿದ್ದ ಆನೆ ಬಿಡುಗಡೆಯಾದ ಮೇಲೆ ಮತ್ತೆ ಒಂಟಿ. ಹಾಗಾಗಿ ಕಾಯುವ ಕೊಟ್ಟಿಗೆಯನ್ನು ಇತರ ಆನೆಗಳ ಸದ್ದು ಕೇಳಿಸುವಷ್ಟು ಹತ್ತಿರ, ಉಸಿರು ತಾಗದಷ್ಟು ದೂರ ಕಟ್ಟಬೇಕು.

ಪರೀಕ್ಷೆ ಮುಗಿದ ಮೇಲೆ ವಾಸನೆಯಿಂದ ಶುರು. ಹೊಸ ಆನೆ ಇದ್ದ ಜಾಗಕ್ಕೆ ಹಳೆಯ ಆನೆ, ಹಳೆಯದು ಇದ್ದ ಜಾಗಕ್ಕೆ ಹೊಸದು, ದಿನ ಬಿಟ್ಟು ದಿನ. ಲದ್ದಿ, ಗಂಜಲವನ್ನು ತೊಳೆಯದೆ ಬಿಡಬೇಕು, ಸೊಂಡಿಲಿಗೆ ಅದೇ ಪರಿಚಯಪತ್ರ. ಆಮೇಲೆ ಗಟ್ಟಿ ಕಂಬಗಳ ಬೇಲಿ ನಡುವೆ ಇಟ್ಟು ಭೇಟಿ: ಸೊಂಡಿಲು ಆಚೀಚೆ ದಾಟಬೇಕು, ತಲೆ ದಾಟಬಾರದು. ಸೊಂಡಿಲ ತುದಿಯನ್ನು ಇನ್ನೊಂದರ ಬಾಯಿಗಿಡುವುದು, ಗುಡುಗುಡು ಸದ್ದು, ಬೆನ್ನು ತಿರುಗಿಸಿ ಬೇಲಿಗೆ ಒರಗಿ ನಿಲ್ಲುವುದು ಒಳ್ಳೆಯ ಲಕ್ಷಣ. ಅದರಲ್ಲೂ ಬೆನ್ನು ಕೊಡುವುದು ನಂಬಿಕೆಯ ಗುರುತು. ಮಾತಾಡದೆ ಕಲ್ಲಿನಂತೆ ನಿಂತು ಕಿವಿ ಹರಡಿ ದಿಟ್ಟಿಸುವ ಆನೆ ಅರಚುವ ಆನೆಗಿಂತ ಅಪಾಯ. ಹೊಸಬರು ಅರಚಾಟಕ್ಕೆ ಹೆದರಿ ಭೇಟಿ ನಿಲ್ಲಿಸಿಬಿಡುತ್ತಾರೆ, ದಿಟ್ಟಿಸುವುದನ್ನು ಶಾಂತಿ ಅಂದುಕೊಳ್ಳುತ್ತಾರೆ.

ಗೇಟು ತೆರೆಯುವುದು ಬೆಳಗಿನ ಹೊತ್ತು, ಹೊಟ್ಟೆ ತುಂಬಿದ ಮೇಲೆ. ಸಂಜೆ ತೆರೆದರೆ ಕತ್ತಲಲ್ಲಿ ಬೇರ್ಪಡಿಸುವ ಫಜೀತಿ. ಆವರಣದಲ್ಲಿ ಮೂಲೆ ಇರಕೂಡದು. ಬೇಲಿ ಕೂಡುವಲ್ಲಿ ದಿಮ್ಮಿ ಅಡ್ಡ ಹಾಕಿ ದುಂಡಗೆ ಮಾಡಬೇಕು. ನಡುವೆ ಮಣ್ಣಿನ ಗುಡ್ಡೆಯೋ ಮರದ ಗುಂಪೋ ಇದ್ದು ಅದರ ಸುತ್ತ ತಿರುಗಲು ದಾರಿ ಇರಬೇಕು, ಒಬ್ಬರಿಗೊಬ್ಬರು ಕಾಣದಂತೆ ನಿಲ್ಲಲು ಮರೆ ಸಿಗಬೇಕು. ಗೇಟು ಒಂದಲ್ಲ, ಎರಡು. ಒಂದೇ ಗೇಟಾದರೆ ಬಲವಾದದ್ದು ಅದರ ಮುಂದೆ ನಿಂತು ಯಜಮಾನಿಕೆ ಮಾಡುತ್ತದೆ. ಹುಲ್ಲಿನ ರಾಶಿ ಆನೆಗಳ ಸಂಖ್ಯೆಗಿಂತ ಒಂದಾದರೂ ಹೆಚ್ಚಿರಬೇಕು, ರಾಶಿಯಿಂದ ರಾಶಿಗೆ ಹತ್ತು ಮೀಟರಾದರೂ ದೂರ. ದೊಡ್ಡ ಆನೆ ದಿನಕ್ಕೆ 150 ಕಿಲೋದಷ್ಟು ಮೇವು ತಿನ್ನುತ್ತದೆ, ನೂರು ಲೀಟರಿಗೂ ಮಿಕ್ಕಿ ನೀರು ಕುಡಿಯುತ್ತದೆ. ನೀರಿನ ತೊಟ್ಟಿ ಒಂದೇ ಇದ್ದರೆ ಸೋತ ಆನೆ ಬಾಯಾರಿಕೊಂಡೇ ಇರುತ್ತದೆ, ಅದು ಕಣ್ಣಿಗೆ ಬೀಳುವುದು ಲದ್ದಿ ಗಟ್ಟಿಯಾದಾಗಲೇ. ಜಗಳ ಬಿಡಿಸಲು ನೀರಿನ ಪೈಪು, ಸದ್ದು ಸಾಕು. ಅಂಕುಶ ಹಿಡಿದು ಒಳಗೆ ನುಗ್ಗಿದರೆ ಆನೆಗೆ ಹಳೆಯ ರಿಂಗಿನ ನೆನಪು, ಮನುಷ್ಯನಿಗೆ ಪ್ರಾಣಾಪಾಯ.

ಇಷ್ಟೆಲ್ಲ ನಿಧಾನ ಬೇಕಾಗದ ಸಂದರ್ಭವೂ ಒಂದುಂಟು. ಅಮೆರಿಕದ ಟೆನೆಸ್ಸಿಯ ಆನೆಧಾಮಕ್ಕೆ 1999ರ ಜುಲೈನಲ್ಲಿ ಶರ್ಲಿ ಬಂದಾಗ ಅಲ್ಲಿ ಜೆನ್ನಿ ಎಂಬ ಆನೆ ಮೂರು ವರ್ಷದಿಂದ ಇತ್ತು. ಸರ್ಕಸ್ಸಿನಲ್ಲಿದ್ದಾಗ ಇನ್ನೊಂದು ಆನೆ ದಾಳಿ ಮಾಡಿ ಮುರಿದ ಹಿಂಗಾಲು ಶರ್ಲಿಯದು. ರಾತ್ರಿ ಎರಡೂ ಪಕ್ಕಪಕ್ಕದ ಕೋಣೆಯಲ್ಲಿದ್ದವು. ಒಬ್ಬರನ್ನೊಬ್ಬರು ಮುಟ್ಟುವ ಆತುರಕ್ಕೆ ನಡುವಿನ ಉಕ್ಕಿನ ಸರಳುಗಳೇ ಬಾಗಿದವು, ಗೇಟು ತೆರೆಯದೆ ಗತ್ಯಂತರವಿರಲಿಲ್ಲ. ಇಪ್ಪತ್ತಕ್ಕೂ ಹೆಚ್ಚು ವರ್ಷದ ಹಿಂದೆ, ಜೆನ್ನಿ ಇನ್ನೂ ಮರಿಯಾಗಿದ್ದಾಗ, ಎರಡೂ ಒಂದೇ ಸರ್ಕಸ್ಸಿನಲ್ಲಿದ್ದವು. ಜೆನ್ನಿ 2006ರಲ್ಲಿ ಸಾಯುವವರೆಗೂ ಅವು ತಾಯಿ ಮಗಳಂತೆ ಇದ್ದವು. ಶರ್ಲಿ 2021ರವರೆಗೆ ಬದುಕಿತು.

ಒಟ್ಟಿಗಿರುವುದೇ ಹಿಂಸೆಯಾದಾಗ

ದೊಡ್ಡ ಬೆಕ್ಕುಗಳ ವಿಷಯದಲ್ಲಿ ಜನ ಸಿಂಹ ಹುಲಿಗಳನ್ನು ಒಟ್ಟಿಗೆ ಸೇರಿಸಿ ಮಾತಾಡುತ್ತಾರೆ. ಒಡನಾಟದ ಮಟ್ಟಿಗೆ ಅವೆರಡೂ ತದ್ವಿರುದ್ಧ. ಸಿಂಹಿಣಿಯರು ಅಕ್ಕತಂಗಿಯರ ಹಿಂಡಿನಲ್ಲಿ ಬಾಳುವವರು, ಗಂಡುಗಳು ಅಣ್ಣತಮ್ಮಂದಿರ ಕೂಟ ಕಟ್ಟುವವರು. ಹುಲಿ ಬೆಳೆದ ಮೇಲೆ ಒಬ್ಬಂಟಿ, ಅದರ ಸಾಮಾಜಿಕ ಬದುಕೆಲ್ಲ ಮರದ ಮೇಲಿನ ಉಗುರುಗೆರೆ, ಮೂತ್ರದ ವಾಸನೆಯಲ್ಲಿ ನಡೆಯುತ್ತದೆ. ಸರ್ಕಸ್ಸು ಎರಡಕ್ಕೂ ಒಂದೇ ಮನೆ ಕೊಟ್ಟಿತು: ಲಾರಿಯ ಮೇಲಿನ ಸಾಲುಬೋನು. ಸಿಂಹಕ್ಕೆ ಅದರಲ್ಲಿ ಜೊತೆ ಇಲ್ಲ, ಹುಲಿಗೆ ಅದರಲ್ಲಿ ಏಕಾಂತವಿಲ್ಲ. ಹುಲಿಯ ಗೋಳು ಬರೆಯುವಾಗಲೂ "ಒಂಟಿತನ" ಎನ್ನುವವರಿದ್ದಾರೆ. ಆರು ಹುಲಿಗಳ ವಾಸನೆ ಸದಾ ಮೂಗಿಗೆ ಬಡಿಯುವ ಜಾಗದಲ್ಲಿ ಅದರ ಕಷ್ಟ ಒಂಟಿತನವಲ್ಲ.

ಹುಲಿ ಸಿಂಹಗಳನ್ನು ಆಡಿಸುವವರಿಗೆ ಇದು ಚೆನ್ನಾಗಿ ಗೊತ್ತಿತ್ತು. ರಿಂಗಿನ ಪಂಜರದಲ್ಲಿ ಪ್ರತಿ ಪ್ರಾಣಿಗೂ ಅದರದೇ ಸ್ಟೂಲು, ಅದರದೇ ಜಾಗ. ಆಗದವರನ್ನು ಪಕ್ಕಪಕ್ಕ ಕೂರಿಸುತ್ತಿರಲಿಲ್ಲ, ಒಳಗೆ ಬಿಡುವ ಸರದಿಯನ್ನೂ ಬದಲಿಸುತ್ತಿರಲಿಲ್ಲ. ಸ್ಟೂಲು ಬಿಟ್ಟಿಳಿದು ಇನ್ನೊಂದರ ಸ್ಟೂಲಿನತ್ತ ಹೋದ ಪ್ರಾಣಿಯಿಂದಲೇ ಗಲಾಟೆ. ಪ್ರೇಕ್ಷಕರು ಶಿಸ್ತು ಎಂದು ಚಪ್ಪಾಳೆ ತಟ್ಟಿದ್ದು ಪ್ರಾಣಿಗಳ ನಡುವಿನ ದೂರ ಕಾಯುವ ಏರ್ಪಾಟಿಗೆ. ನಿವೃತ್ತ ಹುಲಿಗಳಿಗೆ ಬೇರೆ ಬೇರೆ ಕೋಣೆ, ಸರದಿಯಲ್ಲಿ ಬಳಸುವ ಒಂದು ಹಸಿರು ಆವರಣ ಒಳ್ಳೆಯ ಏರ್ಪಾಟು. ನಿನ್ನೆ ಬಂದುಹೋದವರ ವಾಸನೆ ಓದಿಕೊಂಡು ಓಡಾಡುವುದು ಅದಕ್ಕೆ ಸಾಕಷ್ಟು ಒಡನಾಟ. ಒಟ್ಟಿಗೆ ಬೆಳೆದ ಒಡಹುಟ್ಟಿದವು ಹೊಂದಿಕೊಂಡಿದ್ದರೆ ಬಿಡಿಸುವುದು ಬೇಡ, ರಾತ್ರಿ ಮತ್ತು ಮಾಂಸ ಹಾಕುವಾಗ ಬೇರೆಬೇರೆ ಇಟ್ಟರಾಯಿತು.

ಸಿಂಹಗಳ ಹಿಂಡು ಕಟ್ಟುವಾಗ ಎದುರಾಗುವ ತೊಡಕು ಸರ್ಕಸ್ಸೇ ಮಾಡಿಟ್ಟದ್ದು. ಪೆರು ಮತ್ತು ಕೊಲಂಬಿಯಾದ ಸರ್ಕಸ್ಸುಗಳಿಂದ ಬಿಡಿಸಿದ 33 ಸಿಂಹಗಳನ್ನು 2016ರಲ್ಲಿ ವಿಮಾನದಲ್ಲಿ ದಕ್ಷಿಣ ಆಫ್ರಿಕಾಕ್ಕೆ ಸಾಗಿಸಿದರು. ಅವುಗಳಲ್ಲಿ ಹಲವಕ್ಕೆ ಉಗುರು ಕಿತ್ತಿದ್ದರು, ಹಲ್ಲು ಮುರಿದಿದ್ದರು. ಆಯುಧವಿಲ್ಲದ ಸಿಂಹವನ್ನು ಉಗುರಿರುವ ಸಿಂಹಗಳ ಗುಂಪಿಗೆ ಬಿಟ್ಟರೆ ಮೊದಲ ಜಗಳವೇ ಕೊನೆಯದಾದೀತು. ಉಗುರಿಲ್ಲದವುಗಳನ್ನು ಉಗುರಿಲ್ಲದವುಗಳ ಜೊತೆಗೇ ಕೂಡಿಸಬೇಕು. ಭೇಟಿಗೆ ಮೊದಲು ಎರಡು ಬಲೆಬೇಲಿ, ನಡುವೆ ಪಂಜ ಎಟುಕದಷ್ಟು ಅಂತರ. ಒಂದೇ ಬಲೆಯಿಂದ ಶುರು ಮಾಡಿದರೆ ಕಾಲ್ಬೆರಳು ಹೋಗುತ್ತದೆ. ಮರಿಯಾಗದಂತೆ ತಡೆಯಲು ಗಂಡುಗಳಿಗೆ ಬೀಜ ಒಡೆಯುವ ಬದಲು ನಾಳ ಕತ್ತರಿಸುವುದು ಒಳ್ಳೆಯದು. ಬೀಜ ತೆಗೆದರೆ ಕೇಸರ ಉದುರುತ್ತದೆ, ಕೇಸರವಿಲ್ಲದ ಗಂಡನ್ನು ಹೆಣ್ಣುಗಳು ಲೆಕ್ಕಕ್ಕಿಡುವ ಬಗೆಯೇ ಬದಲಾಗಬಹುದು.

ಚಿಂಪಾಂಜಿಗಳದು ಇನ್ನೂ ಬೇರೆ. ಮರಿಯಾಗಿದ್ದಾಗ ಅಂಗಿ ತೊಡಿಸಿ, ಬಾಟಲಿ ಹಾಲು ಕುಡಿಸಿ ಬೆಳೆಸಿದ್ದನ್ನು ಆರೇಳು ವರ್ಷಕ್ಕೆ ಬಲ ಬಂದಿತೆಂದು ಬೋನಿಗೆ ಹಾಕುತ್ತಾರೆ. ಅದಕ್ಕೆ ಮನುಷ್ಯರೂ ಇಲ್ಲ, ಚಿಂಪಾಂಜಿಗಳ ರೀತಿನೀತಿಯೂ ಬರುವುದಿಲ್ಲ. ದೊಡ್ಡವರ ಎದುರು ಬಗ್ಗಿ ಏದುಸಿರಿನ ಗುರುಗುಟ್ಟುವಿಕೆಯಿಂದ ನಮಸ್ಕಾರ ಹೇಳಲು ಬಾರದ್ದಕ್ಕೇ ಹೊಡೆತ ತಿನ್ನುತ್ತದೆ. ಮೈಕೂದಲು ಹೆಕ್ಕುವುದು ಅವುಗಳಲ್ಲಿ ಸಂಬಂಧದ ಬೆಸುಗೆ, ಅದನ್ನು ಮಾಡಿಸಿಕೊಳ್ಳಲು ಹೇಗೆ ಕೂರಬೇಕೆಂದೂ ಇದಕ್ಕೆ ತಿಳಿಯದು. ಒಂಟಿಯಾಗಿದ್ದಾಗ ತನ್ನ ಕೂದಲನ್ನು ತಾನೇ ಕಿತ್ತು ಮುಂಗೈ ಬೋಳು ಮಾಡಿಕೊಂಡಿರುತ್ತದೆ. ಇಂಥದ್ದನ್ನು ಎಂದೂ ಇಡೀ ಗುಂಪಿಗೆ ಬಿಡಬಾರದು. ಗುಂಪಿನ ಅತ್ಯಂತ ಸಮಾಧಾನಿ ಹೆಣ್ಣಿನೊಂದಿಗೆ ಮೊದಲು ಇಬ್ಬರೇ, ಆಮೇಲೆ ಒಬ್ಬ ಎಳೆಯ, ದೊಡ್ಡ ಗಂಡುಗಳು ಎಲ್ಲಕ್ಕಿಂತ ಕೊನೆಗೆ. ತಿಂಗಳುಗಳೇ ಹಿಡಿದರೂ ಆತುರ ಬೇಡ, ಕಚ್ಚಿದರೆ ಬೆರಳೇ ಹೋಗುತ್ತದೆ.

ಕುದುರೆಗಳ ಬಗ್ಗೆ ಚುಟುಕಾಗಿ ಹೇಳಿದರೆ ಸಾಕು, ಲಾಯ ನೋಡಿಕೊಳ್ಳುವವರಿಗೆ ಇದು ಹೊಸದಲ್ಲ. ನಡುಗೋಡೆಯ ಮೇಲರ್ಧವನ್ನು ಸರಳಿನದು ಮಾಡಿ ಪಕ್ಕದ ಕುದುರೆಯ ಮೂತಿ ತಾಗುವಂತಿದ್ದರೆ ಓಲಾಟ ಇಳಿಯುತ್ತದೆ. ಪಕ್ಕದಲ್ಲಿ ಯಾರೂ ಇಲ್ಲದಿದ್ದರೆ ಕನ್ನಡಿಯೂ ಕೆಲಸ ಮಾಡುತ್ತದೆ. 2002ರಲ್ಲಿ ಬ್ರಿಟನ್ನಿನಲ್ಲಿ ನಡೆದ ಅಧ್ಯಯನದಲ್ಲಿ ಲಾಯದೊಳಗೆ ಅಕ್ರಿಲಿಕ್ ಕನ್ನಡಿ ಹಾಕಿದಾಗ ಓಲಾಡುವ ಕುದುರೆಗಳ ಓಲಾಟ ಗಣನೀಯವಾಗಿ ಕುಗ್ಗಿತು. ಗಾಜಿನ ಕನ್ನಡಿ ಬೇಡವೇ ಬೇಡ, ಒಂದು ಒದೆತಕ್ಕೆ ಚೂರು.

ಒಂದೇ ಜಾತಿಯವರು ಸಿಗದಾಗ ಬೇರೆ ಜಾತಿಯ ಜೊತೆಯನ್ನೂ ಹಗುರವಾಗಿ ನೋಡಬಾರದು. ಡೆನ್ಮಾರ್ಕ್ ಸರ್ಕಾರ 2019ರಲ್ಲಿ ದೇಶದ ಕೊನೆಯ ನಾಲ್ಕು ಸರ್ಕಸ್ ಆನೆಗಳನ್ನು 1.1 ಕೋಟಿ ಕ್ರೋನರ್ ಕೊಟ್ಟು ಕೊಂಡಿತು. ಅವುಗಳಲ್ಲಿ ರಂಬೋಲಿನ್ ಎಂಬ ಆನೆಗೆ ಅಲಿ ಎಂಬ ಒಂಟೆ ಜೊತೆಗಾರ. ಬೇರ್ಪಡಿಸುವುದು ಬೇಡವೆಂದು ಒಂಟೆಯನ್ನೂ ಕೊಂಡುಕೊಂಡರು. ಸರ್ಕಾರವೊಂದು ಮಾಡಿದ ಖರ್ಚುಗಳಲ್ಲಿ ನಮಗೆ ಬಹಳ ಮೆಚ್ಚುಗೆಯಾದದ್ದು ಇದು. ಆದರೂ ಮಿತಿ ನೆನಪಿರಲಿ: ಒಂಟೆಗೆ ಆನೆಯ ತಗ್ಗು ಸ್ವರ ಅರ್ಥವಾಗದು, ಆಡು ನಾಯಿಗಳು ಆನೆಯ ಅರ್ಧ ಆಯುಸ್ಸೂ ಬದುಕವು. ಮೈಗಾತ್ರದ ಅಂತರ ಹೆಚ್ಚಿದ್ದರೆ ಪ್ರೀತಿಯಿಂದಲೇ ತುಳಿದು ಕೊಲ್ಲುವ ಅಪಾಯವಿದೆ. ಚಿಕ್ಕದಕ್ಕೆ ಮಾತ್ರ ನುಸುಳಲಾಗುವ ಒಂದು ಕಿಂಡಿ ಬೇಲಿಯಲ್ಲಿ ಇರಲೇಬೇಕು.

ಇನ್ನು ಮಾವುತ. ಸರ್ಕಸ್ಸಿನಲ್ಲಿ ಆನೆಯ ಪಕ್ಕದಲ್ಲೇ ಹುಲ್ಲಿನ ಮೇಲೆ ಮಲಗುವ ಮಾವುತ ಎಷ್ಟೋ ಸಲ ಅದರ ಏಕೈಕ ಸಂಗಾತಿ. ಅವನದೇ ಅಂಕುಶ, ಅವನದೇ ಬೆಲ್ಲ. ಹೊಡೆಯುವವನೂ ಅವನೇ ಆದ್ದರಿಂದ ಅದು ಒಡನಾಟವೇ ಅಲ್ಲ ಎನ್ನುವವರಿದ್ದಾರೆ. ನಾವು ಅಷ್ಟು ಸಲೀಸಾಗಿ ಒಪ್ಪುವುದಿಲ್ಲ. ಆನೆ ಅವನ ದನಿ ಗುರುತಿಸುತ್ತದೆ, ಅವನಿಲ್ಲದ ದಿನ ಮೇವು ಬಿಡುತ್ತದೆ. ಸಂಬಳ ಸಾಲದೆ ಅವನು ಕೆಲಸ ಬಿಟ್ಟಾಗ ಆನೆಯ ಮಟ್ಟಿಗೆ ಅದೂ ಒಂದು ಸಾವು. ಹಾಗಾಗಿ ಆನೆಯನ್ನು ಸಾಗಿಸುವಾಗ ಹಳೆಯ ಮಾವುತ ಮೊದಲ ಕೆಲವು ವಾರ ಜೊತೆಗಿದ್ದು, ಹೊಸ ಪಾಲಕರು ಬೇಲಿಯ ಹೊರಗಿನಿಂದ ಹಣ್ಣು ಕೊಟ್ಟು ಪರಿಚಯವಾಗುವುದು ಸರಿಯಾದ ಕ್ರಮ. ಅವನ ಕೈಯಲ್ಲಿ ಅಂಕುಶ ಇರಬಾರದು, ಅಷ್ಟೇ ಷರತ್ತು.

ಕೇಳುಗರಿಂದ ಬಂದ ಎರಡು ಪ್ರಶ್ನೆಗಳು

ಗಂಡಾನೆ ಹೇಗೂ ಒಂಟಿ ಸಲಗ, ಅದಕ್ಕೆ ಜೊತೆ ಏಕೆ ಎಂದು ಒಬ್ಬರು ಕೇಳಿದರು. ದಕ್ಷಿಣ ಆಫ್ರಿಕಾದ ಪಿಲಾನೆಸ್‌ಬರ್ಗ್ ಉದ್ಯಾನದಲ್ಲಿ ನಡೆದದ್ದು ಇದಕ್ಕೆ ಉತ್ತರ. ಹಿರಿಯರಿಲ್ಲದೆ ಬೆಳೆದ ಅನಾಥ ಗಂಡಾನೆಗಳಿಗೆ ಅಲ್ಲಿ ಎಳೆಯ ವಯಸ್ಸಿನಲ್ಲೇ ಮದ ಬಂತು, 1990ರ ದಶಕದಲ್ಲಿ ಅವು ನಲವತ್ತಕ್ಕೂ ಹೆಚ್ಚು ಘೇಂಡಾಮೃಗಗಳನ್ನು ಕೊಂದವು. 1998ರಲ್ಲಿ ಅದೇ ದೇಶದ ಕ್ರೂಗರ್ ಉದ್ಯಾನದಿಂದ ಆರು ಹಿರಿಯ ಗಂಡಾನೆಗಳನ್ನು ತಂದು ಬಿಟ್ಟ ಮೇಲೆ ಎಳೆಯರ ಮದ ಇಳಿಯಿತು, ಕೊಲೆಗಳು ನಿಂತವು. ಗಂಡಿಗೂ ಹಿರಿಯರ ಸಹವಾಸ ಬೇಕು. ಮದದ ತಿಂಗಳುಗಳಲ್ಲಿ ಮಾತ್ರ ಬೇರೆ ಜಾಗ, ಗಟ್ಟಿ ಬೇಲಿ.

ಕೊನೆಗೆ ಉಳಿದವರ ಗತಿ ಏನು ಎಂಬುದು ಇನ್ನೊಂದು ಪ್ರಶ್ನೆ, ತೀರಾ ಕಷ್ಟದ್ದು. ಭಾರತದ ಸರ್ಕಸ್ಸುಗಳಿಂದ ಬಂದ ಸಿಂಹಗಳಲ್ಲಿ ಬಹಳಷ್ಟು ಏಷ್ಯಾ-ಆಫ್ರಿಕಾ ಮಿಶ್ರತಳಿ. ಅವು ಮರಿ ಹಾಕದಂತೆ ನೋಡಿಕೊಂಡರು, ಅದು ಸರಿಯೇ. ಆದರೆ ಮರಿಯಿಲ್ಲದ ಗುಂಪು ವರ್ಷ ವರ್ಷ ಕರಗುತ್ತದೆ, ಕಟ್ಟಕಡೆಗೆ ಒಂದು ಉಳಿಯುತ್ತದೆ. ಎರಡು ಕೇಂದ್ರಗಳಲ್ಲಿ ಒಂದೊಂದೇ ಉಳಿಯುವವರೆಗೆ ಕಾಯದೆ, ಮೂರು ಮೂರು ಇರುವಾಗಲೇ ಒಟ್ಟುಗೂಡಿಸಬೇಕು. ಮುಪ್ಪಿನಲ್ಲಿ ಹೊಸಬರನ್ನು ಒಪ್ಪುವ ಶಕ್ತಿ ಇರುವುದಿಲ್ಲ. ಜೊತೆಯದು ಸತ್ತಾಗ ಹೆಣವನ್ನು ಕೂಡಲೇ ಎತ್ತದೆ ಉಳಿದದ್ದಕ್ಕೆ ಮೂಸಿ ನೋಡಲು ಹೊತ್ತು ಕೊಡಬೇಕು. ಇಲ್ಲದಿದ್ದರೆ ದಿನಗಟ್ಟಲೆ ಹುಡುಕುತ್ತದೆ.

ಸಾಗಣೆಯ ಕಾಗದಪತ್ರದ ಬಗ್ಗೆ ಒಂದು ಮಾತು. ಲಸಿಕೆ, ತೂಕ, ವಯಸ್ಸು ಎಲ್ಲರೂ ಬರೆಯುತ್ತಾರೆ. ಬರೆಯದೇ ಬಿಡುವುದು ಇವು: ಸಾಲಿನಲ್ಲಿ ಬಲಕ್ಕೆ ಯಾರಿದ್ದರು, ಎಡಕ್ಕೆ ಯಾರು; ಹಿಂದೆ ಯಾವ ಯಾವ ಸರ್ಕಸ್ಸಿನಲ್ಲಿ ಯಾವ ಯಾವ ವರ್ಷ, ಆಗ ಜೊತೆಗಿದ್ದವರ ಹೆಸರು, ಅವರು ಈಗ ಎಲ್ಲಿ; ಯಾರ ಜೊತೆ ಜಗಳ, ಗಾಯದ ಗುರುತು ಎಲ್ಲಿ; ಯಾವ ಬದಿಗೆ ಮಲಗುವ ಅಭ್ಯಾಸ; ಮಾವುತ ಯಾವ ಭಾಷೆಯಲ್ಲಿ ಯಾವ ಪದ ಹೇಳಿ ಕರೆಯುತ್ತಿದ್ದ. ಒಂದು ಹಾಳೆ ಸಾಕು. ಎರಡು ಪ್ರತಿ ಮಾಡಿ ಒಂದನ್ನು ಲಾರಿಯಲ್ಲಿ ಕಳಿಸಿ, ಇನ್ನೊಂದು ಲಾರಿ ಹೊರಡುವ ಒಂದು ವಾರ ಮುಂಚೆಯೇ ತಲುಪಲಿ. ಯಾವ ಕೊಟ್ಟಿಗೆಯ ಪಕ್ಕ ಯಾವ ಕೊಟ್ಟಿಗೆ ತೆರವು ಮಾಡಬೇಕೆಂದು ಅಲ್ಲಿಯವರು ಅಷ್ಟರೊಳಗೆ ನಿರ್ಧರಿಸಬೇಕಾಗುತ್ತದೆ.